ಪರುಷವೂ ಬೂದಿಯೂ



ಈಗ ನಾವು ಒಂದು ಸಣ್ಣ ಕೋಣೆಯಲ್ಲಿ ಕುಳಿತು ಮಾತನಾಡುತ್ತಿದ್ದೇವೆ. ಬಾಗಿಲು ಮುಚ್ಚಿದೆ, ಒಳಗಿನ ಸದ್ದು ಪಕ್ಕದ ಕೋಣೆಗೂ ಕೇಳಿಸದಂತೆ ಗೋಡೆಗಳಿಗೆ ಹೊದಿಕೆ ಹಾಕಿದೆ. ಹೀಗಿದ್ದರೂ ಈ ಮಾತು ಊರನ್ನು ದಾಟಿ, ಹೊಲಗದ್ದೆಗಳನ್ನು ದಾಟಿ ತಮ್ಮ ಮನೆಯ ಪೆಟ್ಟಿಗೆಯೊಳಗಿಂದ ಹೊರಡುತ್ತಿದೆ. ಇದು ಯಾವುದನ್ನು ಏರಿ ಅಲ್ಲಿಗೆ ಬಂದಿತು? 19ನೆಯ ಶತಮಾನದ ಕೊನೆಯ ಭಾಗದಲ್ಲಿ ಯಾವ ಪದಾರ್ಥವಿಜ್ಞಾನಿಯನ್ನು ಈ ಪ್ರಶ್ನೆ ಕೇಳಿದ್ದರೂ ಆತನು ಅನುಮಾನಿಸದೆ 'ಈಥರ್' ಎಂದು ಉತ್ತರ ಕೊಡುತ್ತಿದ್ದನು. ಅಲೆ ಏಳಬೇಕಾದರೆ ನೀರು ಬೇಕು. ನಾದ ಹರಿಯಬೇಕಾದರೆ ಗಾಳಿ ಬೇಕು. ಹಾಗೆಯೇ ಬೆಳಕಿನ ಅಲೆಗೂ ಒಂದು ಆಧಾರದ್ರವ್ಯ ಇರಲೇಬೇಕೆಂದು ಆಗಿನವರ ತರ್ಕ. ಅದು ಕಣ್ಣಿಗೆ ಕಾಣದು, ತೂಕಕ್ಕೆ ಸಿಕ್ಕದು. ಉಕ್ಕಿಗಿಂತ ಬಿಗಿಯಾಗಿರಬೇಕು, ಆದರೂ ಗ್ರಹಗಳ ಓಟಕ್ಕೆ ಎಳ್ಳಷ್ಟೂ ಅಡ್ಡಬರಬಾರದು. ಇಂತಹ ವಿಚಿತ್ರದ್ರವ್ಯವನ್ನು ದೊಡ್ಡ ದೊಡ್ಡ ಪಂಡಿತರು ಕಂಡವರಂತೆಯೇ ನಂಬಿದ್ದರು.

ನಂಬಿಕೆ ಅಲ್ಲಿಗೇ ನಿಲ್ಲಲಿಲ್ಲ. 1875ರಲ್ಲಿ ಬಾಲ್ಫರ್ ಸ್ಟೂವರ್ಟ್ ಮತ್ತು ಟೇಟ್ ಎಂಬ ಇಬ್ಬರು ವಿಜ್ಞಾನಿಗಳು ಕಾಣದ ಲೋಕವನ್ನು ಕುರಿತು ಒಂದು ಪುಸ್ತಕ ಬರೆದು, ಕಾಣುವ ಈ ಜಗತ್ತಿಗೂ ಕಾಣದ ಆ ಜಗತ್ತಿಗೂ ಈಥರ್ ನಡುವಣ ಕೊಂಡಿಯಾಗಿರಬಹುದೆಂದು ವಾದಿಸಿದರು. ತಂತಿಯಿಲ್ಲದ ವಾರ್ತಾಪ್ರಯೋಗಗಳಲ್ಲಿ ಮೊದಲಿಗರಲ್ಲಿ ಒಬ್ಬರಾದ ಸರ್ ಆಲಿವರ್ ಲಾಡ್ಜ್ ಅವರ ಕಥೆ ಇನ್ನೂ ಮನಮುಟ್ಟುವಂಥದು. ಅವರ ಮಗ ರೇಮಂಡ್ 1915ರಲ್ಲಿ ಯುದ್ಧಭೂಮಿಯಲ್ಲಿ ಮಡಿದನು. ಮಾರನೆಯ ವರ್ಷ ಲಾಡ್ಜ್ ಅವರು ಮಗನ ಹೆಸರನ್ನೇ ಇಟ್ಟು ಒಂದು ಗ್ರಂಥ ಪ್ರಕಟಿಸಿದರು. ದೇಹ ಬಿದ್ದರೂ ಜೀವ ಉಳಿಯುತ್ತದೆ, ಅದಕ್ಕೆ ಈಥರೇ ನೆಲೆ ಎಂಬುದು ಅವರ ದೃಢವಾದ ನಂಬಿಕೆಯಾಗಿತ್ತು. ಅಷ್ಟರಲ್ಲಿ ವಿಜ್ಞಾನ ಮುಂದೆ ಹೋಗಿಬಿಟ್ಟಿತ್ತು. 1887ರಲ್ಲಿ ಅಮೆರಿಕದ ಮೈಕೆಲ್ಸನ್ ಮತ್ತು ಮಾರ್ಲಿ ಅವರು ಬಹು ಸೂಕ್ಷ್ಮವಾದ ಉಪಕರಣದಿಂದ ಹುಡುಕಿದರೂ ಈಥರಿನ ಸುಳಿವು ಹತ್ತಲಿಲ್ಲ. 1905ರಲ್ಲಿ ಐನ್‌ಸ್ಟೈನ್ ಅವರು ಆ ದ್ರವ್ಯವೇ ಅನಾವಶ್ಯಕವೆಂದು ಬದಿಗಿಟ್ಟರು. 1935ರಲ್ಲಿ ಮೈಸೂರಿನಲ್ಲಿ ಪ್ರೊಫೆಸರ್ ಎಂ. ವಿ. ಗೋಪಾಲಸ್ವಾಮಿಯವರು ಆರಂಭಿಸಿದ ಬಾನುಲಿ ನಿಲಯಕ್ಕೆ 'ಆಕಾಶವಾಣಿ' ಎಂಬ ಹೆಸರು ಬಂದಾಗ, ಈಥರ್ ಆಗಲೇ ಪಂಡಿತರ ಲೋಕದಿಂದ ನಿರ್ಗಮಿಸಿತ್ತು. ದ್ರವ್ಯ ಹೋಯಿತು, ವಾಣಿ ಮಾತ್ರ ನಿಲ್ಲಲಿಲ್ಲ.

ಈ ಸಂಗತಿಯನ್ನು ಮೊದಲಿಗೇ ಹೇಳಿದ್ದಕ್ಕೆ ಕಾರಣವುಂಟು. ಎರಡು ಲೋಕಗಳ ಗಡಿಯಲ್ಲಿ ನಿಲ್ಲುವ ಒಂದು ದ್ರವ್ಯ ಬೇಕೆಂಬ ಆಸೆ ಮನುಷ್ಯಕುಲದಷ್ಟೇ ಹಳೆಯದು. ಅದರ ಅತ್ಯಂತ ಪ್ರಸಿದ್ಧವಾದ ರೂಪವೆಂದರೆ ಪರುಷ. ಅದು ಮುಟ್ಟಿದರೆ ಕಬ್ಬಿಣ ಹೊನ್ನಾಗುತ್ತದಂತೆ. ಅದನ್ನು ಕಂಡವರಿಲ್ಲ, ಹುಡುಕಿದವರಿಗೆ ಲೆಕ್ಕವಿಲ್ಲ. ಗುರುತ್ವಾಕರ್ಷಣೆಯ ನಿಯಮವನ್ನು ಕೊಟ್ಟ ನ್ಯೂಟನ್ ಮಹಾಶಯನೇ ರಸವಾದವನ್ನು ಕುರಿತು ರಾಶಿರಾಶಿ ಹಾಳೆಗಳನ್ನು ಬರೆದಿಟ್ಟಿದ್ದಾನೆ. ನಮ್ಮಲ್ಲಿಯೂ ರಸಸಿದ್ಧರು ಪಾದರಸವನ್ನು ಕಟ್ಟಲು ಹೊರಟು ಆಯುಷ್ಯವನ್ನು ಕಳೆದರು. ಕನ್ನಡದ ವಚನಗಳಲ್ಲಿ ಪರುಷದ ಮಾತು ಮತ್ತೆ ಮತ್ತೆ ಬರುತ್ತದೆ. ಬಸವಕಲ್ಯಾಣದಲ್ಲಿ ಪರುಷಕಟ್ಟೆ ಎಂಬ ಸ್ಥಳವನ್ನು ಇಂದಿಗೂ ತೋರಿಸುತ್ತಾರೆ. ಆದರೆ ಆ ಪರುಷವನ್ನು ಕೊಂಡಾಡಿದ ಜನರು ದಿನವೂ ಬೆಳಗ್ಗೆ ಎದ್ದು ಕೈಗೆ ತೆಗೆದುಕೊಂಡದ್ದು ಯಾವ ದ್ರವ್ಯವನ್ನು? ಬೂದಿಯನ್ನು. ಈ ಎರಡು ದ್ರವ್ಯಗಳ ನಡುವಿನ ಅಂತರವನ್ನು ಈ ಹೊತ್ತು ತಮ್ಮೊಂದಿಗೆ ವಿಚಾರಮಾಡಬೇಕೆಂದು ನಮ್ಮ ಇಷ್ಟ.

ಅದಕ್ಕಾಗಿ ಶ್ರೋತೃಗಳನ್ನು ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳ ಕಡೆಗೆ ಕರೆದೊಯ್ಯಬೇಕಾಗಿದೆ. ಉತ್ತರಕ್ಕೆ ಭೀಮೆ, ದಕ್ಷಿಣಕ್ಕೆ ಕೃಷ್ಣೆ, ನಡುವೆ ಡೋಣಿ. ಕಣ್ಣು ಹರಿಯುವವರೆಗೆ ಎರೆಭೂಮಿ. ಹಿಂಗಾರಿಯಲ್ಲಿ ಬಿಳಿಜೋಳ ನಿಂತಿರುವಾಗ ಕಡಲಿನಂತೆ ಕಾಣುವ ನೆಲ ಬೇಸಗೆಯಲ್ಲಿ ಬಿರುಕುಬಿಟ್ಟು ಬಾಯ್ದೆರೆದಿರುತ್ತದೆ. ಅಲ್ಲಿಯ ಜನರು ಈ ನೆಲವನ್ನು ಬಯಲು ಎನ್ನುತ್ತಾರೆ. ಅಲ್ಲಿಯ ಶರಣರು ಪರತತ್ತ್ವವನ್ನೂ ಬಯಲು ಎಂದೇ ಕರೆದರು. ಬಾಗೇವಾಡಿ ಬಸವಣ್ಣನವರು ಹುಟ್ಟಿದ ಊರು. ಇತ್ತೀಚಿನ ವರ್ಷಗಳಲ್ಲಿ ಈ ತಾಲ್ಲೂಕುಗಳನ್ನು ಒಡೆದು ಚಡಚಣ, ನಿಡಗುಂದಿ, ತಾಳಿಕೋಟೆ ಮುಂತಾದ ಹೊಸ ತಾಲ್ಲೂಕುಗಳನ್ನು ಮಾಡಿದ್ದಾರೆ. ಕಾಗದದ ಮೇಲಣ ಗಡಿ ಬದಲಾಗಿದೆ. ನಾವು ಹೇಳಹೊರಟಿರುವ ಗಡಿ ಬೇರೆ.

ಕೆಲವು ವರ್ಷಗಳ ಹಿಂದೆ ಬಾಗೇವಾಡಿ ಸೀಮೆಯ ಒಂದು ಹಳ್ಳಿಯಲ್ಲಿ ನಮ್ಮ ದೊಡ್ಡವ್ವನವರು ತೀರಿಕೊಂಡರು. ನಾವು ಹೋಗುವ ಹೊತ್ತಿಗೆ ಅವರನ್ನು ಪಡಸಾಲೆಯಲ್ಲಿ ಗೋಡೆಗೆ ಒರಗಿಸಿ ಕುಳ್ಳಿರಿಸಿದ್ದರು. ಹಣೆಯ ಮೇಲೆ ಮೂರು ಬೆರಳಿನ ವಿಭೂತಿ. ಆ ಕಡೆಯವರ ಬಾಯಲ್ಲಿ ಅದು ಈಬತ್ತಿ. ಲಿಂಗಾಯತರಲ್ಲಿ ಸಾಮಾನ್ಯವಾಗಿ ದಹನವಿಲ್ಲ, ಸಮಾಧಿ. ಕುಳಿತ ಭಂಗಿಯಲ್ಲಿಯೇ ನೆಲದೊಳಗೆ ಇಳಿಸಿ, ಇಷ್ಟಲಿಂಗವನ್ನು ಅಂಗೈಯಲ್ಲಿಟ್ಟು, ಪತ್ರಿಯನ್ನೂ ವಿಭೂತಿಯ ಗಟ್ಟಿಗಳನ್ನೂ ಸುತ್ತ ಇಟ್ಟು ಮಣ್ಣು ಮುಚ್ಚುತ್ತಾರೆ. ಬುಟ್ಟಿಯಲ್ಲಿ ಆ ಬಿಳಿಯ ಗಟ್ಟಿಗಳು ಕೈಯಿಂದ ಕೈಗೆ ಹೋಗುತ್ತಿದ್ದಾಗ, ರಸಾಯನಶಾಸ್ತ್ರದಲ್ಲಿ ಬಿ.ಎಸ್‌ಸಿ. ಓದುತ್ತಿದ್ದ ನಮ್ಮ ಸೋದರಳಿಯ ಪಕ್ಕಕ್ಕೆ ಬಂದು ಮೆಲ್ಲನೆ ಕೇಳಿದನು: "ಮಾಮಾ, ಇದು ಬರೇ ಬೂದಿ ಅಲ್ಲೇನ್ರಿ?" ಅವನ ದನಿಯಲ್ಲಿ ಕುಚೋದ್ಯವಿರಲಿಲ್ಲ. ಅಜ್ಜಿಯ ತೊಡೆಯ ಮೇಲೆ ಬೆಳೆದ ಹುಡುಗ. ಆ ಬೂದಿಗೆ ಅವಳನ್ನು ಒಪ್ಪಿಸಬೇಕಾದಾಗ ಅದು ಏನೆಂದು ಅವನಿಗೆ ತಿಳಿಯಬೇಕಾಗಿತ್ತು. ಇಪ್ಪತ್ತು ವರ್ಷ ಕಾಲೇಜಿನಲ್ಲಿ ಪಾಠಹೇಳಿದ ನಮಗೆ ಆ ಹೊತ್ತಿನಲ್ಲಿ ಉತ್ತರ ಹೊಳೆಯಲಿಲ್ಲ. ಉತ್ತರ ಬೇರೊಂದು ಕಡೆಯಿಂದ ಬಂದಿತು. ಅದನ್ನು ಕೊನೆಯಲ್ಲಿ ಹೇಳುವೆವು. ಮೊದಲು ಹುಡುಗನ ಪ್ರಶ್ನೆಗೆ ನ್ಯಾಯವನ್ನು ದೊರಕಿಸೋಣ.

ಈಬತ್ತಿಯನ್ನು ಮಾಡುವ ಬಗೆ ಸರಳ. ಆಕಳ ಸಗಣಿಯನ್ನು ತಟ್ಟಿ ಕುಳ್ಳುಮಾಡಿ ಚೆನ್ನಾಗಿ ಒಣಗಿಸುತ್ತಾರೆ, ಒಟ್ಟಿ ಸುಡುತ್ತಾರೆ. ಬೆಂಕಿ ಅರೆಬರೆಯಾದರೆ ಇಂಗಾಲ ಉಳಿದು ಬೂದಿ ಕರಿದಾಗುತ್ತದೆ. ಪೂರ್ತಿ ಸುಟ್ಟರೆ ಬಿಳುಪು ಬರುತ್ತದೆ. ಆ ಬೂದಿಯನ್ನು ಬಟ್ಟೆಯಲ್ಲಿ ಸೋಸಿ, ನೀರಿನಲ್ಲಿ ಕದಡಿ, ನಿಲ್ಲಲು ಬಿಟ್ಟು, ಮೇಲಣ ನೀರನ್ನು ಬಸಿದು, ತಳದ ನುಣುಪಾದ ಗಸಿಯನ್ನು ಗಟ್ಟಿಕಟ್ಟಿ ಬಿಸಿಲಿಗಿಡುತ್ತಾರೆ. ಇಷ್ಟಲಿಂಗದ ಮೇಲಣ ಕಪ್ಪು ಹೊದಿಕೆಯಾದ ಕಂತಿಯಲ್ಲಿಯೂ ಈ ಬೂದಿ ಸೇರುವುದುಂಟು. ರಸಾಯನಶಾಸ್ತ್ರ ಇದನ್ನು ಬಿಡಿಸಿ ನೋಡಿದರೆ ಮರಳಿನ ಮೂಲವಾದ ಸಿಲಿಕ, ಸುಣ್ಣದ ಅಂಶ, ಮೆಗ್ನೀಸಿಯಮ್, ಪೊಟ್ಯಾಸಿಯಮ್, ರಂಜಕ ಇವುಗಳ ಸಂಯುಕ್ತಗಳು ಸಿಕ್ಕುತ್ತವೆ. ಇವೆಲ್ಲ ಹುಲ್ಲಿನಿಂದ ಬಂದುವು. ಹುಲ್ಲಿಗೆ ನೆಲದಿಂದ ಬಂದುವು. ಹುಡುಗನ ಮಾತು ಅಕ್ಷರಶಃ ಸರಿ.

ಪೂರ್ವಿಕರು ಇದನ್ನು ಅರಿಯದವರಾಗಿದ್ದರೆಂದು ಭಾವಿಸತಕ್ಕದ್ದಲ್ಲ. ಬೃಹಜ್ಜಾಬಾಲೋಪನಿಷತ್ತು ಈ ದ್ರವ್ಯಕ್ಕೆ ವಿಭೂತಿ, ಭಸಿತ, ಭಸ್ಮ, ಕ್ಷಾರ, ರಕ್ಷಾ ಎಂಬ ಐದು ಹೆಸರುಗಳನ್ನು ಹೇಳುತ್ತದೆ. ಶಿವನ ಐದು ಮುಖಗಳಿಂದ ಐದು ಮಹಾಭೂತಗಳು, ಅವುಗಳಿಂದ ನಂದೆ, ಭದ್ರೆ, ಸುರಭಿ, ಸುಶೀಲೆ, ಸುಮನೆಯೆಂಬ ಐದು ಬಣ್ಣದ ಗೋವುಗಳು, ಅವುಗಳ ಗೋಮಯದಿಂದ ಈ ಐದು ಬಗೆಯ ಬೂದಿ ಎಂದು ಅದರ ಕ್ರಮ. ಇದನ್ನು ಕಲ್ಪನೆಯೆಂದು ಒಪ್ಪಿಕೊಂಡರೂ, ಆ ಹೆಸರುಗಳಲ್ಲಿ ಒಂದು ನಮ್ಮನ್ನು ತಡೆದು ನಿಲ್ಲಿಸುತ್ತದೆ: ಕ್ಷಾರ. ಸೋಸುವಾಗ ಬಸಿದುಹೋಗುವ ಆ ನೀರಿನಲ್ಲಿ ಕರಗಿರುವುದು ಅದೇ ಕ್ಷಾರ. ಪಾಶ್ಚಾತ್ಯರೂ ಬೂದಿಯ ನೀರನ್ನು ಮಡಕೆಯಲ್ಲಿ ಬತ್ತಿಸಿ ಕ್ಷಾರವನ್ನು ತೆಗೆದು, 'ಮಡಕೆಯ ಬೂದಿ' ಎಂಬ ಅರ್ಥದಲ್ಲಿ ಅದನ್ನು ಪೊಟ್ಯಾಷ್ ಎಂದು ಕರೆದರು. 1807ರಲ್ಲಿ ಲಂಡನ್ನಿನಲ್ಲಿ ಹಂಫ್ರಿ ಡೇವಿ ಅದರಲ್ಲಿ ವಿದ್ಯುತ್ತನ್ನು ಹಾಯಿಸಿದಾಗ, ಅದುವರೆಗೆ ಯಾರೂ ಕಾಣದಿದ್ದ ಒಂದು ಲೋಹ ಹೊರಬಿದ್ದಿತು, ಅದೇ ಪೊಟ್ಯಾಸಿಯಮ್. ನಮ್ಮ ಅಡುಗೆಮನೆಯ ಒಲೆಯ ಬೂದಿಯಲ್ಲಿ ಒಂದು ಹೊಸ ಧಾತುವೇ ಅಡಗಿತ್ತು. ಇದು ಪರುಷದ ಕಥೆಗಿಂತ ಕಡಮೆಯ ವಿಸ್ಮಯವೇನೂ ಅಲ್ಲ.

ಬೂದಿಯ ಗುಣಗಳಲ್ಲಿ ಇನ್ನೊಂದನ್ನು ಗಮನಿಸಬೇಕು. ಕಟ್ಟಿಗೆ ಸುಡುತ್ತದೆ, ಎಣ್ಣೆ ಸುಡುತ್ತದೆ, ಇದ್ದಿಲೂ ಸುಡುತ್ತದೆ, ಬೂದಿ ಸುಡದು. ಬೆಂಕಿ ತೆಗೆದುಕೊಳ್ಳಬೇಕಾದದ್ದನ್ನೆಲ್ಲ ತೆಗೆದುಕೊಂಡ ಮೇಲೆ ಉಳಿದದ್ದೇ ಬೂದಿಯಾದುದರಿಂದ, ಬೆಂಕಿಗೆ ಅದರ ಮೇಲೆ ಇನ್ನು ಹಕ್ಕಿಲ್ಲ. ಹಣೆಗೆ ಹಚ್ಚಲು ನಮ್ಮ ಹಿರಿಯರು ಹೂವಿನ ಪರಾಗವನ್ನೋ ಹೊನ್ನಿನ ಪುಡಿಯನ್ನೋ ಆರಿಸದೆ ಇದನ್ನು ಆರಿಸಿಕೊಂಡರೆಂಬುದು ಅಕಸ್ಮಾತ್ತಾಗಿ ಆದದ್ದಲ್ಲ. ಸಾವಿನ ಗಡಿಯ ಮೇಲೆ ನಿಲ್ಲಬಲ್ಲ ವಸ್ತು ಯಾವುದೆಂದು ಹುಡುಕಿದವರು, ನಾಶದ ಆಚೆಯ ದಡದಲ್ಲಿ ಆಗಲೇ ನಿಂತಿರುವ ವಸ್ತುವನ್ನು ಎತ್ತಿಕೊಂಡರು.

ಈಗ ಬಾಗೇವಾಡಿಯಿಂದ ಸಿಂದಗಿಯ ಕಡೆಗೆ ಹೊರಳೋಣ. ಆ ತಾಲ್ಲೂಕಿನ ಗೋಲಗೇರಿಯಲ್ಲಿ ಗೊಲ್ಲಾಳೇಶ್ವರನ ಗುಡಿಯಿದೆ. ಅಲ್ಲಿಯ ಐತಿಹ್ಯ ಹೀಗೆ: ಕುರಿ ಕಾಯುವ ಹುಡುಗನೊಬ್ಬನು ಶ್ರೀಶೈಲಕ್ಕೆ ಹೊರಟವರೊಬ್ಬರನ್ನು, ತನಗೊಂದು ಲಿಂಗವನ್ನು ತಂದುಕೊಡಬೇಕೆಂದು ಬೇಡಿಕೊಂಡನು. ಹೋದವರು ಮರೆತರು. ಹಿಂದಿರುಗಿದಾಗ ಹುಡುಗ ಎದುರುನಿಂತು ಕೇಳಲು, ಕಾಲಬಳಿ ಬಿದ್ದಿದ್ದ ಒಂದು ಒಣಗಿದ ಕುರಿಯ ಹಿಕ್ಕೆಯನ್ನು ಎತ್ತಿ ಇದೇ ಲಿಂಗವೆಂದು ಕೊಟ್ಟುಬಿಟ್ಟರು. ಹುಡುಗ ನಂಬಿದನು. ಕುರಿಯ ಹಾಲನ್ನೆಲ್ಲ ಅದಕ್ಕೆ ಎರೆದು ಪೂಜಿಸಿದನು. ಹಾಲು ಮನೆಗೆ ಬಾರದ್ದನ್ನು ಕಂಡು ತಂದೆ ಸಿಟ್ಟಿಗೆದ್ದು ಬಂದನು. ಆಗ ಆ ಹಿಕ್ಕೆಯಲ್ಲಿಯೇ ಶಿವನು ತೋರಿಬಂದನು.

ಈ ಕಥೆಯನ್ನು ಭಕ್ತಿಯ ಮಹಿಮೆಯೆಂದು ಕೇಳಿ ಮುಗಿಸುವುದು ವಾಡಿಕೆ. ಆದರೆ ಅದರಲ್ಲಿ ಒಂದು ಕಟುವಾದ ಅಂಶವಿದೆ. ಕೊಟ್ಟವನು ಹೇಳಿದ್ದು ಸುಳ್ಳು. ದ್ರವ್ಯದಲ್ಲಿ ಪಾವಿತ್ರ್ಯವೆಂಬುದು ಏನೂ ಇರಲಿಲ್ಲ. ಶ್ರೀಶೈಲದ ಸಂಬಂಧವೂ ಇರಲಿಲ್ಲ. ಆದುದರಿಂದ ಹಿಕ್ಕೆಯೊಳಗೆ ಯಾವುದೋ ಗುಪ್ತಶಕ್ತಿ ಇತ್ತೆಂದು ಹೇಳಲು ಕಥೆಯೇ ಎಡೆಗೊಡುವುದಿಲ್ಲ. ಹಾಗೆಂದು ಹಿಕ್ಕೆಯಿಲ್ಲದೆ ಕಥೆ ನಡೆಯುವುದೂ ಇಲ್ಲ. ಹುಡುಗನ ಕೈಗೆ ಏನಾದರೊಂದು ಬೇಕಾಗಿತ್ತು. ಹಾಲನ್ನು ಎರೆಯಲು ಒಂದು ಎಡೆ ಬೇಕಾಗಿತ್ತು. ಬರಿಯ ಗಾಳಿಗೆ ಹಾಲೆರೆಯಲಾಗದು. ಕುರಿ ಕಾಯುವವನ ಕೈಗೆ ಎಟಕುವ ವಸ್ತುವೇ ಆ ಕೆಲಸಕ್ಕೆ ಸಾಕಾಯಿತೆಂಬುದು ಈ ಕಥೆಯ ಹಿರಿಮೆ.

ಇಲ್ಲಿ ಪರುಷಕ್ಕೂ ಬೂದಿಗೂ ಇರುವ ಭೇದ ನಿಚ್ಚಳವಾಗುತ್ತದೆ. ಪರುಷವು ಇದ್ದರೆ ಒಬ್ಬನ ಬಳಿ ಇರಬೇಕು. ಅದು ಅರಸನ ಬೊಕ್ಕಸದಲ್ಲಿಯೋ ಸಿದ್ಧನ ಜೋಳಿಗೆಯಲ್ಲಿಯೋ ಇರುವ ವಸ್ತು. ಅದಕ್ಕೆ ಕಾವಲು ಬೇಕು, ಅದಕ್ಕಾಗಿ ಕೊಲೆಗಳಾಗುತ್ತವೆ. ಬೂದಿಯೋ, ಒಲೆಯಿರುವ ಮನೆಯಲ್ಲೆಲ್ಲ ಉಂಟು. 12ನೆಯ ಶತಮಾನದಲ್ಲಿ ಬಾಗೇವಾಡಿಯಿಂದ ಹೊರಟ ಬಸವಣ್ಣನವರು ಕಲ್ಯಾಣದಲ್ಲಿ ಕಟ್ಟಿದ ಸಮಾಜ ಈ ಭೇದವನ್ನು ಬಲ್ಲದಾಗಿತ್ತು. ಮಾದಾರ ಚೆನ್ನಯ್ಯ, ಡೋಹರ ಕಕ್ಕಯ್ಯ ಮೊದಲಾದವರನ್ನು ಬಸವಣ್ಣನವರು ಹಿರಿಯರೆಂದು ನೆನೆದರು. ಮಂತ್ರಿಯ ಹಣೆಯ ಮೇಲೂ ಚರ್ಮ ಹದಮಾಡುವವನ ಹಣೆಯ ಮೇಲೂ ಇದ್ದದ್ದು ಒಂದೇ ಸಗಣಿಯ ಒಂದೇ ಬೂದಿ. ಬೆಲೆಯಿಲ್ಲದ ವಸ್ತುವನ್ನು ಗಡಿಯ ಕಂಬವಾಗಿ ನೆಟ್ಟುದರಿಂದ, ಗಡಿ ದಾಟಲು ಸುಂಕ ಕೇಳುವವನು ಇಲ್ಲದಂತಾಯಿತು.

ಮುಂದೆ ಹಾಗೆಯೇ ಉಳಿಯಿತೇ ಎಂದು ಕೇಳಿದರೆ, ಉಳಿಯಲಿಲ್ಲವೆಂದು ಒಪ್ಪಿಕೊಳ್ಳಬೇಕು. ಭೇದವನ್ನು ಅಳಿಸಲು ಹಚ್ಚಿದ ಗುರುತೇ ಮತ್ತೆ ಭೇದದ ಗುರುತಾಯಿತು, ಒಳಪಂಗಡಗಳು ಎದ್ದುವು, ಯಾರ ಮನೆಯಲ್ಲಿ ಯಾರು ಉಣ್ಣಬೇಕೆಂಬ ಲೆಕ್ಕ ಮರಳಿ ಬಂದಿತು. ನಡತೆಯಿಲ್ಲದವನ ಹಣೆಯ ಬೂದಿ ವ್ಯರ್ಥವೆಂದು ವಚನಕಾರರೇ ಬಹಳ ಕಠೋರವಾಗಿ ಹೇಳಿದ್ದಾರೆ. ಇಂದಿನ ಪಂಡಿತನು "ಇದರಲ್ಲಿ ಏನೂ ಇಲ್ಲ" ಎಂದು ಬೂದಿಯನ್ನು ತಳ್ಳುತ್ತಾನೆ. ಇಂದಿನ ಡಾಂಭಿಕನು "ಇದರಲ್ಲೇ ಎಲ್ಲ ಇದೆ" ಎಂದು ಮಾರುತ್ತಾನೆ. ಇಬ್ಬರೂ ಅದನ್ನು ಪರುಷದ ತಕ್ಕಡಿಯಲ್ಲಿ ತೂಗುವವರೇ. ಶಕ್ತಿ ದ್ರವ್ಯದೊಳಗೆ ಇರಬೇಕು, ಇಲ್ಲದಿದ್ದರೆ ಎಲ್ಲಿಯೂ ಇಲ್ಲ ಎಂದು ಇಬ್ಬರೂ ತಿಳಿದಿದ್ದಾರೆ.

ಈ ತಿಳಿವಳಿಕೆಗೆ ಉತ್ತರವಾಗಿ ಮುದ್ದೇಬಿಹಾಳ ತಾಲ್ಲೂಕಿನ ತಂಗಡಗಿ ಇದೆ. ಅದು ಕೃಷ್ಣೆಯ ದಡದ ಊರು. ಹೊಳೆಯ ಆಚೆಗೆ ಕೂಡಲಸಂಗಮ. ಕಲ್ಯಾಣದಲ್ಲಿ ಕೋಲಾಹಲವಾದ ಮೇಲೆ ಬಸವಣ್ಣನವರು ಸಂಗಮಕ್ಕೆ ಬಂದು, ಮಡದಿ ನೀಲಮ್ಮನವರನ್ನು ಕರೆತರಲು ಹಡಪದ ಅಪ್ಪಣ್ಣನವರನ್ನು ಕಳುಹಿಸಿದರೆಂದು ಸಂಪ್ರದಾಯ. ಅವರು ತಂಗಡಗಿಯನ್ನು ಮುಟ್ಟುವ ಹೊತ್ತಿಗೆ ಬಸವಣ್ಣನವರು ಲಿಂಗೈಕ್ಯರಾದ ಸುದ್ದಿ ತಿಳಿಯಿತು. ಎದುರಿಗೆ ಹೊಳೆ, ಆಚೆಯ ದಡದಲ್ಲಿ ಸಂಗಮ. ನೀಲಮ್ಮನವರು ಹೊಳೆ ದಾಟಲಿಲ್ಲ. ಅಲ್ಲಿರುವ ಸಂಗಯ್ಯ ಇಲ್ಲಿಲ್ಲವೇ ಎಂಬ ಭಾವದಿಂದ, ಇದ್ದಲ್ಲಿಯೇ ಕುಳಿತು, ಅಂಗೈಯ ಲಿಂಗದಲ್ಲಿ ದೃಷ್ಟಿಯನ್ನಿಟ್ಟು ಐಕ್ಯರಾದರೆಂದು ಅಲ್ಲಿಯ ಜನ ನಂಬುತ್ತಾರೆ. ದಾಟಬೇಕಾದ ಗಡಿ ಹೊಳೆಯಲ್ಲಿರಲಿಲ್ಲ. ಅಂಗೈಯಲ್ಲಿದ್ದ ಸಣ್ಣ ವಸ್ತುವು ದೃಷ್ಟಿ ನಿಲ್ಲಲು ಒಂದು ನೆಲೆಯಾಯಿತು; ದಾಟಿದ್ದು ಆ ದೃಷ್ಟಿ.

ಇದೇ ಮಾತನ್ನು ನಮ್ಮ ಕಾಲಕ್ಕೆ ಹತ್ತಿರವಾದ ಒಬ್ಬ ವಿದ್ವಾಂಸರ ಬಾಳಿನಲ್ಲಿಯೂ ಕಾಣಬಹುದು. ಇಂಡಿಯ ಸೀಮೆಯಲ್ಲಿ ನಿಂಬಾಳವೆಂಬ ಊರಿದೆ. 1886ರಲ್ಲಿ ಜಮಖಂಡಿಯಲ್ಲಿ ಹುಟ್ಟಿ, ಅಲಹಾಬಾದ್ ವಿಶ್ವವಿದ್ಯಾನಿಲಯದಲ್ಲಿ ತತ್ತ್ವಶಾಸ್ತ್ರದ ಆಚಾರ್ಯರಾಗಿದ್ದ ಗುರುದೇವ ರಾನಡೆಯವರು ನೆಲೆನಿಂತದ್ದು ಅಲ್ಲಿ. 1957ರಲ್ಲಿ ದೇಹವಿಟ್ಟದ್ದೂ ಅಲ್ಲಿಯೇ. ಅವರು ಗ್ರೀಕ್ ತತ್ತ್ವಜ್ಞಾನವನ್ನು ಬಲ್ಲವರು. ಉಪನಿಷತ್ತುಗಳನ್ನೂ ಮಹಾರಾಷ್ಟ್ರದ ಸಂತರನ್ನೂ ಕನ್ನಡದ ಅನುಭಾವಿಗಳನ್ನೂ ಕುರಿತು ಇಂಗ್ಲಿಷಿನಲ್ಲಿ ಗ್ರಂಥಗಳನ್ನು ಬರೆದವರು. ಇಂತಹ ಪಂಡಿತರು ಸಾಧನೆಗೆಂದು ಹಿಡಿದದ್ದು ಯಾವ ದ್ರವ್ಯವನ್ನೂ ಅಲ್ಲ, ಗುರು ಕೊಟ್ಟ ಒಂದು ನಾಮವನ್ನು. ನಾಮವೆಂದರೆ ಉಸಿರಿನ ಒಂದು ಅಲೆ, ಬೂದಿಗಿಂತಲೂ ಹಗುರವಾದದ್ದು. ಬೂದಿ ಅಂಗೈಗೆ ಏನೋ, ನಾಮ ನಾಲಗೆಗೆ ಅದು. ಎರಡೂ ಮನುಷ್ಯನ ಚಂಚಲವಾದ ಗಮನಕ್ಕೆ ಕಟ್ಟಿದ ಕಟ್ಟೆಗಳು.

ಹಾಗಾದರೆ ಲಾಡ್ಜ್ ಅವರು ಸೋತರೇ? ಮಗನನ್ನು ಕಳೆದುಕೊಂಡ ತಂದೆಯ ದುಃಖದಲ್ಲಿ ಸೋಲುಗೆಲುವಿನ ಮಾತಿಲ್ಲ. ಆದರೆ ಅವರು ತಮ್ಮ ಭರವಸೆಯನ್ನು ಒಂದು ದ್ರವ್ಯದ ಇರುವಿಕೆಗೆ ಕಟ್ಟಿದರು. ಪ್ರಯೋಗಶಾಲೆ ಆ ದ್ರವ್ಯವನ್ನು ಅಲ್ಲಗಳೆದಾಗ ಭರವಸೆಗೂ ಪೆಟ್ಟುಬಿದ್ದಿತು. ನಮ್ಮ ಬಯಲುಸೀಮೆಯವರ ಭರವಸೆಗೆ ಆ ಭಯವಿಲ್ಲ. ಅವರ ದ್ರವ್ಯವನ್ನು ಯಾವ ಪ್ರಯೋಗಶಾಲೆಯೂ ಅಲ್ಲಗಳೆಯಲಾರದು; ಏಕೆಂದರೆ ಅದು ಬೂದಿಯೆಂದು ಅವರೇ ಮೊದಲು ಹೇಳಿಬಿಟ್ಟಿದ್ದಾರೆ.

ಹೀಗೆಂದು ನಮಗೆ ತಿಳಿದದ್ದು ಪುಸ್ತಕದಿಂದಲ್ಲ. ದೊಡ್ಡವ್ವನವರ ಸಮಾಧಿಯ ಬಳಿ ಸೋದರಳಿಯನ ಪ್ರಶ್ನೆಗೆ ನಾವು ಸುಮ್ಮನೆ ನಿಂತಿದ್ದಾಗ, ಕುಣಿಯೊಳಗೆ ಇಳಿದು ಗಟ್ಟಿಗಳನ್ನು ಜೋಡಿಸುತ್ತಿದ್ದ ಮುದುಕರೊಬ್ಬರು ಆ ಮಾತನ್ನು ಕೇಳಿಸಿಕೊಂಡರು. ಅವರು ಅಕ್ಷರ ಬಲ್ಲವರಲ್ಲ. ತಲೆಯೆತ್ತಿ ಹುಡುಗನನ್ನು ನೋಡಿ, "ಹೌದೋ ತಮ್ಮಾ, ಬರೇ ಬೂದೀನ ಅದು. ಅದಕ್ಕ ಹಚ್ಚಿಕೋತೀವಿ" ಎಂದರು. ಆಮೇಲೆ, "ನಾವೂ ಅಷ್ಟ ಅಲ್ಲೇನು? ಬಾ, ಇದೊಂದು ನೀ ಇಡು, ನಿಮ್ಮಜ್ಜಿಗೆ" ಎಂದು ಕೈಚಾಚಿದರು. ಹುಡುಗ ಚಪ್ಪಲಿ ಬಿಟ್ಟು ಕುಣಿಯ ಅಂಚಿಗೆ ಹೋಗಿ ಮಂಡಿಯೂರಿ, ಒಂದು ಗಟ್ಟಿಯನ್ನು ಅಜ್ಜಿಯ ಮೊಣಕಾಲ ಬಳಿ ಇಟ್ಟನು. ಏಳುವಾಗ ಅವನ ಬೆರಳುಗಳು ಬೆಳ್ಳಗಾಗಿದ್ದುವು. ಊರಿಗೆ ಹಿಂದಿರುಗುವ ದಾರಿಯುದ್ದಕ್ಕೂ ಅವನು ಅದನ್ನು ಒರಸಿಕೊಳ್ಳಲಿಲ್ಲವೆಂಬುದನ್ನು ನಾವು ಗಮನಿಸಿದೆವು. ನಾವೂ ಏನನ್ನೂ ಕೇಳಲಿಲ್ಲ.

ಈ ಮಾತು ತಮ್ಮನ್ನು ಯಾವ ಈಥರಿನ ನೆರವೂ ಇಲ್ಲದೆ ಮುಟ್ಟಿದೆ.